ಡಿಸೆಂಬರಿನ ಸುವಿ

ಇವಾಲೋದಲ್ಲಿ ಹೆರಿಗೆ ವಾರ್ಡಿಲ್ಲ.
ಹೆರುವವರು ಮುನ್ನೂರು ಕಿಲೋಮೀಟರು ತೆಂಕಕ್ಕೆ
ರೊವಾನಿಯೆಮಿಗೆ ಹೋಗಬೇಕು,
ಹಿಮಸಾರಂಗಗಳು ರಸ್ತೆ ಬಿಟ್ಟುಕೊಟ್ಟರೆ.

ಕಾಯ್ಸು ಅರ್ಧ ದಾರಿಯೂ ಹೋಗಲಿಲ್ಲ.
ಒಂದು ಬಸ್ಸು ನಿಲ್ದಾಣದ ಹಲಗೆಯ ಪಕ್ಕ
ಆಂಬುಲೆನ್ಸು ನಿಂತಿತು. ಮಧ್ಯಾಹ್ನ ಹನ್ನೆರಡೂವರೆ,
ಆಕಾಶ ಬದನೆಕಾಯಿ ಬಣ್ಣ.
ಸೂರ್ಯ ಹೋಗಿ ಹದಿನೇಳು ದಿನ,
ಬರಲು ಇನ್ನೂ ಮೂರು ವಾರ.
ಮುಂದೆ ಹಿಮ ಗುಡಿಸುವ ಲಾರಿ; ಓಡಿಸುತ್ತಿದ್ದವನು
ಒಸ್ಸಿ, ಮಗುವಿನ ಅಪ್ಪ.
ಹೆಂಡತಿಗೆ ದಾರಿ ಮಾಡಿಕೊಡುತ್ತಾ ಹೋದವನಿಗೆ
ಹಿಂದಿನ ದೀಪ ಕಾಣೆಯಾದದ್ದು ತಿಳಿದದ್ದು
ನಾಲ್ಕು ಕಿಲೋಮೀಟರಿನ ಮೇಲೆ.

ಅಲ್ಲಿ ಹುಟ್ಟಿದ ಕೂಡಲೇ ಹೆಸರು ಹೇಳುವುದಿಲ್ಲ.
ನಾಮಕರಣದ ದಿನದವರೆಗೆ ಅಪ್ಪ ಅಮ್ಮ ಅದನ್ನು
ಬಾಯೊಳಗೆ ಇಟ್ಟುಕೊಂಡಿರುತ್ತಾರೆ, ಕಲ್ಲುಸಕ್ಕರೆಯ ಹಾಗೆ.
ಅಲ್ಲಿಯತನಕ ಮಗು ಬರೀ ನ್ಯೂತ್ತಿ. ಅಂದರೆ ಗಂಟು, ಮೂಟೆ.
ಊರು ಮಾತ್ರ ಪಂದ್ಯ ಕಟ್ಟಿತು:
ತಾಲ್ವಿಕ್ಕಿ, ಇನ್ನೇನು? ಚಳಿಗಾಲದ ಹೆಸರು.
ಹಿಮಲಾರಿಯವನ ಮಗಳು, ಹಿಮದಲ್ಲೇ ಬಿದ್ದವಳು.
ಒಸ್ಸಿಗೂ ಅದೇ ಇಷ್ಟ. ಸಂಬಳ ಕೊಡುವುದು ಚಳಿಗಾಲ,
ಉಂಡ ಮನೆಯ ಹೆಸರಿಟ್ಟರೆ ತಪ್ಪೇನು, ಅಂದ.

ಕಾಯ್ಸುವಿನ ಅಜ್ಜಿ ಲೆಂಪಿ, ತೊಂಬತ್ತೊಂದು,
ಕಾಲುಚೀಲದ ಹಿಮ್ಮಡಿ ಹೆಣೆಯುತ್ತಾ ತಲೆ ಎತ್ತದೆ ಅಂದಳು:
"ಮನೆಯೊಳಗೇ ಕೂತವರನ್ನು ಯಾರಾದರೂ
ಕೂಗಿ ಕರೆಯುತ್ತಾರೇನೋ?
ಚಳಿಗಾಲ ಇಲ್ಲೇ ಇದೆ, ಬಾಗಿಲಲ್ಲಿ ಬೂಟು ಬಿಚ್ಚಿ.
ಹೆಸರು ಇರುವುದು ಕರೆಯುವುದಕ್ಕೆ.
ಬರಬೇಕಾದವರನ್ನು ಕರಿ."

ಫೆಬ್ರವರಿಯ ಒಂದು ಭಾನುವಾರ ಪಾದ್ರಿ ಕೇಳಿದರು.
ಕಾಯ್ಸು ಹೇಳಿದಳು: ಸುವಿ.
ಬೇಸಿಗೆ.
ದಿನಬಳಕೆಯ ಮಾತಲ್ಲ, ಅದಕ್ಕೆ ಬೇರೆ ಪದವಿದೆ;
ಇದು ಹಳಬರ ಬಾಯಲ್ಲಿ ಉಳಿದದ್ದು,
ಪೆಟ್ಟಿಗೆಯ ತಳದಿಂದ ತೆಗೆದ ನಾರುಬಟ್ಟೆಯ ಹಾಗೆ
ಮಡಿಕೆಯ ಗೆರೆ ಇನ್ನೂ ಹೋಗದ್ದು.

ಇದನ್ನೆಲ್ಲ ಅವರ ಅಡುಗೆಮನೆಯಲ್ಲಿ ಕೂತು ಕೇಳಿದ ನನಗೆ
ಒಂದು ಕ್ಷಣ ಒನಕೆ ಕೇಳಿಸಿತು. ಸುವ್ವಿ, ಸುವ್ವಿ.
ಎರಡು ತೋಳು, ಒಂದು ಒರಳು, ಹಾರುವ ತೌಡು.
ಸಂಬಂಧವೇನೂ ಇಲ್ಲ. ಕಿವಿಗೆ ತವರಿನ ಚಟ.

ನಮ್ಮಲ್ಲಿ ಚೈತ್ರಾ ಇದ್ದಾಳೆ, ವರ್ಷಾ ಇದ್ದಾಳೆ,
ಹೇಮಂತನೂ ಇದ್ದಾನೆ;
"ಬೇಸಿಗೇ, ಬಾರೇ" ಎಂದು ಮಗಳನ್ನು ಕರೆದವರಿಲ್ಲ.
ನಮಗದು ಕರೆಯದೆ ಬರುವ ನೆಂಟ,
ಕೊಡದ ತಳ ಕಾಣುವತನಕ ಏಳುವುದಿಲ್ಲ.
ಅಲ್ಲಿ ಅದು ಒಂಬತ್ತು ತಿಂಗಳು ಕಾಯಿಸುತ್ತದೆ,
ಥೇಟು ಬಸಿರಿನಂತೆ.

ಜೂನಿನಲ್ಲಿ ಬಂತು.
ಕಪ್ಪು ಪರದೆ ಎಳೆದರೂ ಮೊಳೆಯ ತೂತಿನಿಂದ ಬೆಳಕು,
ನಡುರಾತ್ರಿಯಲ್ಲಿ ಕೋಗಿಲೆ, ಸೊಳ್ಳೆ, ತೊಟ್ಟಿಲಿಗೆ ಬಲೆ.
ಮಗು ಮಲಗಲೇ ಇಲ್ಲ.
ಕೆಂಪು ಕಣ್ಣಿನ ಒಸ್ಸಿ ಅಜ್ಜಿಯ ಮುಖ ನೋಡಿದ.
"ಕರೆದಿರಲ್ಲ, ಪೂರ್ತಿ ಬರುತ್ತದೆ," ಅಂದಳು ಲೆಂಪಿ,
"ಅರ್ಧ ಬೇಸಿಗೆ ಯಾವ ಅಂಗಡಿಯಲ್ಲೂ ಸಿಗದು."
ಆ ಸೆಪ್ಟೆಂಬರಿನಲ್ಲಿ ಅವಳು ಹೋದಳು.
ಜೋಡಿಯಲ್ಲಿ ಒಂದೇ ಕಾಲುಚೀಲ ಮುಗಿದಿತ್ತು.

ಈಗ ಸುವಿಗೆ ಎಂಟು. ಹಲ್ಲಿನ ಸಾಲಲ್ಲಿ ಒಂದು ಕಿಟಕಿ.
ನಾನಿದ್ದ ಸಂಜೆ, ಸಂಜೆಯೇನು ಬಂತು, ಮೂರು ಗಂಟೆ,
ಗವ್ವೆನ್ನುವ ಕತ್ತಲು, ಮೈನಸ್ ಇಪ್ಪತ್ತೊಂಬತ್ತು,
ಕಾಯ್ಸು ಬಾಗಿಲು ತೆರೆದಳು. ಉಸಿರು ಹೊಗೆಯಾಯಿತು.
ಬೀದಿಯುದ್ದಕ್ಕೂ ಕೂಗಿದಳು:
"ಸುವೀ! ಒಳಗೆ ಬಾ, ಹೊತ್ತಾಯಿತು!"

ಎದುರುಮನೆಯ ಮುದುಕ ಪರದೆ ಸರಿಸಿ ನೋಡಿದ.
ದಿನವೂ ನೋಡುತ್ತಾನಂತೆ.
ದಿಬ್ಬದ ಕತ್ತಲೊಳಗಿಂದ,
ಜಾರುಬಂಡಿಯ ಕಿರುಗುಟ್ಟುವ ಸದ್ದಿನ ಹಿಂದಿನಿಂದ,
ಉತ್ತರ ಬಂತು:
"ಬಂದೇ! ಇನ್ನೊಂದೇ ಒಂದು ಸಲ!"