ಹನ್ನೆರಡಾಣೆ, ಹಾಲಿ ಸಿಕ್ಕಾ

ನಮ್ಮ ಕಾಲೇಜಿನ ಗ್ರಂಥಾಲಯದಲ್ಲಿ ಆ ಕಪಾಟಿನವೇ
ಮೊದಲು ಬೆನ್ನು ಮುರಿದುಕೊಳ್ಳುತ್ತವೆ.
ಇತಿಹಾಸದ ಮೇಷ್ಟ್ರೊಬ್ಬರು ತೀರಿಕೊಂಡ ಮೇಲೆ ಮನೆಯವರು ತಂದು ಸುರಿದದ್ದು,
ನಾಲ್ಕು ಗೋಣಿಚೀಲ, ಎಲ್ಲ ಯುರೋಪಿನ ಯುದ್ಧ:
ಮುತ್ತಿಗೆ ಬಿದ್ದ ಊರಿನಲ್ಲಿ ದಿನದ ಬ್ರೆಡ್ಡಿನ ತೂಕ,
ರೈಲುಡಬ್ಬಿಯ ಬಿರುಕಿನಿಂದ ಯಾರೋ ಎಸೆದ ಚೀಟಿ,
ಎಲ್ಲ ಮುಗಿದು ನಲವತ್ತು ವರ್ಷಕ್ಕೆ
ಅಪ್ಪನ ಮೇಜಿನ ಖಾನೆಯಲ್ಲಿ ಬೇರೆ ಹೆಸರಿನ ಪಾಸ್‌ಪೋರ್ಟ್ ಕಂಡ ಮಗಳು.

ಹನ್ನೊಂದನ್ನು ಚೀಲಕ್ಕೆ ತುಂಬಿ, ಆಟೋ ಹತ್ತಿ,
ಚೌಬಾರಾ ದಾಟಿ ಖಮರುದ್ದೀನರ ಅಂಗಡಿಗೆ.
ಒಲೆಯ ಮೇಲೆ ಮೈದಾ ಅಂಟು, ಮೈಲುತುತ್ತದ ವಾಸನೆ.
ಇಂಗ್ಲಿಷ್ ಬಾರದು ಅವರಿಗೆ. ಓದುವುದು ಬೆರಳಿನಿಂದ:
ಹೊಲಿಗೆ ಎಲ್ಲಿ ಸಡಿಲ, ಹುಳ ಯಾವ ಪುಟಕ್ಕೆ ಸಾಕೆಂದಿತು,
ಓದುವವರು ಯಾವ ಪುಟಕ್ಕೆ.

ಒಂದು ಚಿತ್ರದ ಮೇಲೆ ಬೆರಳು ನಿಂತಿತು.
ಬಾಂಬು ಬಿದ್ದ ಇಗರ್ಜಿ. ಎರಡು ಗೋಪುರದಲ್ಲಿ ಉಳಿದದ್ದು ಒಂದು.
“ನಮ್ಮ ಗವಾನ್ ಮದರಸಾ ಅಲ್ಲೇನ್ರಿ ಬಾಯಿ ಇದು?”
ನಗು ಬಂತು, ನಗಲಿಲ್ಲ.
ಅದೇ ಹರಿದ ಪಕ್ಕೆ, ಅದೇ ಒಂಟಿ ಮಿನಾರು;
ನಮ್ಮದು ಸಿಡಿಲಿಗೋ ಮದ್ದಿಗೋ ಬಿದ್ದು ಮುನ್ನೂರು ವರ್ಷ,
ಅದರ ನೆರಳಲ್ಲಿ ಈಗ ಪೋರರು ಗಾಳಿಪಟದ ದಾರ ಬಿಡಿಸುತ್ತಾರೆ.

“ಇದ್ರಾಗ ಏನ್ ಬರ್ದಾರ?”
ಕೈಗೆ ಸಿಕ್ಕಿದ್ದನ್ನು ಹೇಳಿದೆ. ಮನೆಮನೆಯಿಂದ ಕಸಿದ ಪುಸ್ತಕಗಳ ಸಂಗತಿ,
ಲಾರಿಗಟ್ಟಲೆ, ಗೋದಾಮುಗಟ್ಟಲೆ;
ಇವತ್ತಿಗೂ ಯಾವುದೋ ಊರಿನ ಗ್ರಂಥಪಾಲಕಿ
ಒಳಹಾಳೆಯ ಸಹಿಯೊಂದರ ಜಾಡು ಹಿಡಿದು
ಒಂದೇ ಒಂದು ಪುಸ್ತಕವನ್ನು ಮಡಿಲಲ್ಲಿಟ್ಟುಕೊಂಡು ರೈಲು ಹತ್ತುತ್ತಾಳೆ,
ಸಹಿ ಹಾಕಿದವನ ಮೊಮ್ಮಗನಿಗೆ ಕೊಟ್ಟು ಬರಲು.
ಆ ಭಾಷೆ ಅವನಿಗೆ ಬಾರದು. ಆದರೂ ಎರಡೂ ಕೈಯಲ್ಲಿ ಇಸಿದುಕೊಳ್ಳುತ್ತಾನೆ.

ಖಮರುದ್ದೀನರು ಸೂಜಿಗೆ ದಾರ ಪೋಣಿಸಿದರು.
ತೆಗೆದರು. ಮತ್ತೆ ಪೋಣಿಸಿದರು.
ಆಮೇಲೆ ಎದ್ದು ಹಲಗೆಯ ಕೆಳಗಿಂದ ತಗಡಿನ ಪೆಟ್ಟಿಗೆ ಎಳೆದರು.
“ನಮ್ಮ ಅಬ್ಬಾನ ಕಾಲದ್ದು. ಜಿಲ್ದ್ ಹಾಕಿ ಇಟ್ಟಾರ.
ಒಯ್ಯಾಕ ಯಾರೂ ಬರ್ಲಿಲ್ಲ.”

ಏಳು.
ಹಕೀಮರೊಬ್ಬರ ಕೈಬರಹದ ಮದ್ದಿನ ಪುಸ್ತಕ,
ಮರಾಠಿ ಪಂಚಾಂಗಗಳ ಕಟ್ಟು, ಶಾಲೆಯ ಲೆಕ್ಕ,
ಯಾರದೋ ಮಗಳ ಮದುವೆಗೆ ಗೆರೆ ಹಾಕಿಟ್ಟ ಖಾಲಿ ವಹಿ.
ಬೆನ್ನಿನ ಚರ್ಮ ಹೊಚ್ಚ ಹೊಸದು, ಒಂದು ಸಲವೂ ಮಡಿಸಿಲ್ಲ.
ಒಳಗೊಂದೊಂದು ಚೀಟಿ; ಅವರೇ ಓದಿ ಹೇಳಿದರು:
ಹೆಸರು, ಊರು, ಫಸಲಿ ಸಾವಿರದ ಮುನ್ನೂರ ಐವತ್ತೇಳು,
ಕೂಲಿ ಬಾಕಿ ಹನ್ನೆರಡಾಣೆ, ಹಾಲಿ ಸಿಕ್ಕಾ.

ಆ ಸಾಲಿನ ಭಾದ್ರಪದಕ್ಕೆ ನಮ್ಮ ಮನೆಯಲ್ಲಿ
‘ಗದ್ದಲ’ ಎಂಬ ಒಂದೇ ಮಾತಿತ್ತು.
ಅದಕ್ಕೂ ಮುಂಚೆ ಯಾರ ಬಣವಿಗೆ ಯಾರ ಬೆಂಕಿ,
ಆಮೇಲೆ ಯಾರ ಬಾವಿಯಲ್ಲಿ ಯಾರು –
ಮಾತು ಅಲ್ಲಿಗೆ ಬಂದರೆ ಅಜ್ಜಿ ಮೊರ ಎಳೆದುಕೊಳ್ಳುತ್ತಿದ್ದಳು,
ಹಸನು ಮಾಡಿದ ತೊಗರಿಯನ್ನೇ ಮತ್ತೆ ಹಸನು ಮಾಡಲು.
ನಾನು ಲೈಬ್ರರಿ ಸೈನ್ಸ್ ಓದಿದವಳು. ಯಾವ ಕಪಾಟಿಗೆ ಏನು ನಂಬರೆಂದು ಬಲ್ಲೆ.
ಈ ಪೆಟ್ಟಿಗೆಗೆ ಹೊಳೆಯಲಿಲ್ಲ.

ಹಕೀಮರದ್ದನ್ನು ಹಳೆ ಪತ್ರಿಕೆಯಲ್ಲಿ ಸುತ್ತಿ ಕೊಟ್ಟರು.
“ವಲಿಯೊದ್ದೀನ್, ಕಮಠಾಣ. ಮನೀದವರು ಯಾರರೆ ಸಿಕ್ರ
ಕೂಲಿ ಕೇಳಬ್ಯಾಡ್ರಿ.
ಆ ರೊಕ್ಕ ಈಗ ನಡ್ಯಾಂಗಿಲ್ಲ.”

ಭಾನುವಾರ, ಕಮಠಾಣದ ಬಸ್ಸು.
ಎರಡೂ ಬದಿಗೆ ಕೆಮ್ಮಣ್ಣು, ಕಡಿದಿಟ್ಟ ಕೆಂಪುಕಲ್ಲಿನ ರಾಶಿ.
ನನಗೂ ಉರ್ದು ಬಾರದು.
ಪತ್ರಿಕೆ ಬಿಚ್ಚಿ ಮಡಿಲಲ್ಲಿ ಇಟ್ಟುಕೊಂಡೆ, ಬೆರಳಾಡಿಸಿದೆ.
ಹುಳ ಐದಾರು ಹಾಳೆ ತಿಂದು ಹೊರಳಿ ಹೋಗಿದೆ.
ಹೊಲಿಗೆ ಸಡಿಲಾಗಿಲ್ಲ.
ಎಲ್ಲಿ ಇಳಿಯಬೇಕು ಎಂದ ಕಂಡಕ್ಟರಿಗೆ
ಹೇಳಲು ಒಂದು ಓಣಿಯ ಹೆಸರೂ ಇರಲಿಲ್ಲ.