ಜೇಬು ನೋಡುವ ಕೆಲಸ

ಹಡಗಿಗೆ ಹೊರಟಾಗ ಸಣ್ಣತ್ತೆ ಹೇಳಿದ್ದು ಇಷ್ಟೇ:
ನೀರಿಗೆ ಹಾಕುವ ಮೊದಲು ಜೇಬು ನೋಡು.
ಸಿಕ್ಕಿದ್ದು ನಮ್ಮದಲ್ಲ. ಕಂಡದ್ದು ಬಾಯಿಗೆ ಬರಬಾರದು.

ಕೋರ್ಪಲಯ್ಯನ ಛತ್ರದ ಹಿಂದೆ, ತುಂಗೆಯ ಕಲ್ಲಿನ ಮೇಲೆ
ನಲವತ್ತು ವರ್ಷ ಶಿವಮೊಗ್ಗೆಯ ಜೇಬು ನೋಡಿದವಳು.
ಬೀಡಿ ತುಂಡು, ಭದ್ರಾವತಿ ಬಸ್ಸಿನ ಚೀಟಿ,
ಮ್ಯಾಟ್ನಿಯ ಎರಡು ಅರ್ಧ ಟಿಕೇಟು,
ಒಮ್ಮೆ ಡ್ರಾಯಿಂಗ್ ಮೇಷ್ಟರ ಅಂಗಿಯಲ್ಲಿ, ಶಿವರಾತ್ರಿಯ ಮಾರನೇ ದಿನ,
ಚಿಟಿಕೆಯಷ್ಟು ಒಣ ಸೊಪ್ಪು.
ಎಲ್ಲವನ್ನೂ ಪೊಟ್ಟಣ ಕಟ್ಟಿ, ಕರಿಗೇರಿನ ಗುರುತು ಹಾಕಿ,
ಮಡಿಸಿದ ಬಟ್ಟೆಯ ಮೇಲಿಟ್ಟು ಕೊಟ್ಟವಳು.
ಮೇಷ್ಟರು ಆ ತಿಂಗಳು ನಾಲ್ಕಾಣೆ ಹೆಚ್ಚು ಕೊಟ್ಟರಂತೆ.
ವಾಪಸ್ಸು ಮಾಡಿದಳಂತೆ.

ನನ್ನ ಹಡಗು ಹದಿನಾಲ್ಕು ಮಾಳಿಗೆ.
ನಾನು ನೀರಿನ ಮಟ್ಟಕ್ಕಿಂತ ಕೆಳಗೆ, ಲಾಂಡ್ರಿಯಲ್ಲಿ.
ಸಮುದ್ರ ಕಾಣುತ್ತಿರಲಿಲ್ಲ, ಗೋಡೆಗೆ ಕಿವಿ ಕೊಟ್ಟರೆ ಇತ್ತು.
ಇಲ್ಲಿ ಕಾನೂನು ಮೂರು ಅಂದರು ತರಬೇತಿಯ ದಿನ.
ಬಾವುಟದ್ದೊಂದು. ಅದು ಯಾವುದೋ ದ್ವೀಪದ್ದು,
ಆ ದ್ವೀಪವನ್ನು ನಮ್ಮ ಕ್ಯಾಪ್ಟನ್ನೂ ಕಂಡಿರಲಿಲ್ಲ.
ದಡದ್ದೊಂದು, ಬಂದರು ಬದಲಾದ ಹಾಗೆ ಬದಲಾಗುವುದು.
ಕಂಪನಿಯದೊಂದು, ಯಾವತ್ತೂ ಬದಲಾಗದ್ದು.
ಸಾರಾಯಿಗೆ ಒಂಬತ್ತು ಬಾರು.
ದಡ ದೂರವಾಗುತ್ತಲೇ ಜೂಜಿನ ಬಾಗಿಲು ತಾನಾಗಿ ತೆರೆಯುವುದು.
ಸೊಪ್ಪಿಗೆ ನಾಯಿ.

ಏಳನೇ ಮಾಳಿಗೆಯ ಮುದುಕಿ,
ಬೆರಳುಗಳು ಶುಂಠಿಬೇರಿನ ಹಾಗೆ ಗಂಟುಗಂಟು.
ಗುಂಡಿ ಹಾಕಲು ಆಗದೆ ಎಲ್ಲ ಪ್ಯಾಂಟಿಗೂ ಲಾಡಿ ಹೊಲಿಸಿಕೊಂಡಿದ್ದಳು.
ಬಿಳಿ ಪ್ಯಾಂಟು. ಎಡಜೇಬಿನಲ್ಲಿ ಸುಣ್ಣದ ಡಬ್ಬಿಯಷ್ಟು ಒಂದು ಡಬ್ಬಿ,
ಅದಕ್ಕೆ ಸುತ್ತಿದ ಅಂಗಡಿಯ ರಸೀದಿ.
ತೆರಿಗೆ ಕಟ್ಟಿದ್ದಾಳೆ!
ಅವಳ ಊರಲ್ಲಿ ಸಾಲು ನಿಂತು ಕೊಳ್ಳುತ್ತಾರೆ,
ನಾವು ಸೊಸೈಟಿಯಲ್ಲಿ ಸೀಮೆಎಣ್ಣೆ ಕೊಂಡ ಹಾಗೆ.
ಹಡಗು ಹತ್ತುವ ಹಲಗೆ ನಾನು ಅಳೆದಿದ್ದೇನೆ, ಹನ್ನೆರಡು ಹೆಜ್ಜೆ.
ಎಷ್ಟನೇ ಹೆಜ್ಜೆಯಲ್ಲಿ ಔಷಧಿ ಅಪರಾಧವಾಯಿತೋ
ಅವಳ ಕಾಲಿಗೆ ತಿಳಿದಿರಲಾರದು.

ಪೊಟ್ಟಣ ಕಟ್ಟಿ ಕಳಿಸಬಹುದಿತ್ತು.
ಸೂಪರ್‌ವೈಸರ್ ಕೈಗೆ ಕೊಟ್ಟೆ.
ಕಾಂಟ್ರಾಕ್ಟು ಇನ್ನೂ ಐದು ತಿಂಗಳಿತ್ತು.
ಬೇರೆ ಕಾರಣಗಳೂ ಇದ್ದವು, ಈಗ ಒಂದೂ ನೆನಪಿಗೆ ಬರುತ್ತಿಲ್ಲ.

ಮುಂದಿನ ಬಂದರಿನಲ್ಲಿ ಅವಳನ್ನು ಇಳಿಸಿದರು.
ನಾನು ನೋಡಲಿಲ್ಲ, ನಾನಿದ್ದ ಕಡೆ ಕಿಟಕಿಯಿಲ್ಲ.
ಪ್ಯಾಂಟು ಮಾತ್ರ ನನ್ನಲ್ಲೇ ಉಳಿಯಿತು,
ಒಗೆದು, ಗೆರೆ ಕೂರಿಸಿ, ಲಾಡಿಯನ್ನೂ ಇಸ್ತ್ರಿ ಮಾಡಿ ತೂಗಿದ್ದು,
ಹನ್ನೊಂದು ದಿನ.
ಯಾರೂ ಕೇಳಲಿಲ್ಲ.

ಈಗ ದುರ್ಗಿಗುಡಿಯಲ್ಲಿ ಸ್ವಂತ ಅಂಗಡಿ.
ಅಬಕಾರಿಯವರ ಖಾಕಿ ನಮ್ಮಲ್ಲಿಗೇ ಬರುತ್ತದೆ.
ಗಾರ್ಡ್ ಚೌಡಪ್ಪ ಮೊನ್ನೆ ಯಾರದೋ ಶುಂಠಿ ಪಟ್ಟೆಯ ನಡುವೆ
ಗಿಡ ಕಿತ್ತು, ತೂಗಿ, ಅರಗಿನ ಸೀಲು ಹಾಕಿ ಬಂದವರು.
ಹೂವಿದ್ದರೆ ಕೇಸು ನಿಲ್ಲುತ್ತದೆ ಮಾರಾಯ,
ಬರೀ ಎಲೆಯಾದರೆ ವಕೀಲರು ಎದ್ದು ನಿಲ್ಲುತ್ತಾರೆ, ಅಂದರು.
ಅಂಗಿ ಬಿಚ್ಚಿಟ್ಟು ಬನೀನಿನಲ್ಲೇ ಚಹಾ ಕುಡಿದು ಹೋದರು.

ಆ ಅಂಗಿಯ ಜೇಬಿನಲ್ಲಿ ಒಂದೇ ಒಂದು ಎಲೆ.
ಏಳು ಬೆರಳು, ಅಂಚು ಮುರುಟಿದ್ದು.
ಕೀಳುವಾಗ ಸೇರಿಕೊಂಡಿತೋ, ಸೇರಿಸಿಕೊಂಡರೋ.
ಇಸ್ತ್ರಿಪೆಟ್ಟಿಗೆಯ ಕೆಂಡ ಪಕ್ಕದಲ್ಲೇ ಇತ್ತು.
ಹಾಕಿದ್ದರೆ ಒಂದು ಎಳೆ ಹೊಗೆ,
ಬಸ್ ಸ್ಟ್ಯಾಂಡಿನ ಕಡೆ ಹೋಗಿ ಮುಗಿಯುತ್ತಿತ್ತು.

ಹಳೆ ಕ್ಯಾಲೆಂಡರಿನ ಮೂಲೆ ಹರಿದೆ. ದಾರ ಹುಡುಕಿದೆ.
ಒಳಗಿನಿಂದ ಸಣ್ಣತ್ತೆ. ಈಗ ಕಣ್ಣಿಲ್ಲ ಅವಳಿಗೆ,
ಬಟ್ಟೆ ಮುಟ್ಟಿ ಯಾರ ಮನೆಯದೆಂದು ಹೇಳುತ್ತಾಳೆ.
ಇಸ್ತ್ರಿ ನಿಂತದ್ದು ಕೇಳಿಸಿರಬೇಕು.

ಏನು ಸಿಕ್ತೋ?
ಬಸ್ ಚೀಟಿ, ಅಂದೆ.
ಎಲ್ಲಿಂದ ಎಲ್ಲಿಗೆ?