ಮೂರೂವರೆ ಕಿಲೋ

ಓಮ್ದುರ್ಮಾನಿನ ಈ ಬೀದಿಗೆ ಇಟ್ಟಿಗೆ ಹಾಸಿದವನು ನಾನೇ,
ತಿಯಾ. ನಮ್ಮ ನೂಬಾ ಗುಡ್ಡಗಳಲ್ಲಿ
ಮೂರನೆಯ ಮಗನಿಗೆ ಇದೇ ಹೆಸರು; ಹುಡುಕುವ ಕಷ್ಟವಿಲ್ಲ.
ಗಾರೆಯಿಲ್ಲದ ಕೆಲಸ. ಕೆಳಗೆ ಒಂದು ಗೇಣು ಮರಳು,
ಮೇಲೆ ಹಲ್ಲಿಗೆ ಹಲ್ಲು ಕಚ್ಚಿಸಿದ ಇಟ್ಟಿಗೆ.
ಒಂದು ಎದ್ದರೆ ಪಕ್ಕದ್ದು ತಾನಾಗಿ ಸಡಿಲ.
ಇದು ನನಗೆ ಗೊತ್ತಿತ್ತು. ನಗರಸಭೆಗೆ ಗೊತ್ತಿರಲಿಲ್ಲ.

ಆ ಚಳಿಗಾಲ ರೊಟ್ಟಿಯ ಬೆಲೆ ಏರಿದಾಗ
ಹುಡುಗರು ಬಂದು ಕೇಳಿದರು, ಎಲ್ಲಿಂದ ಕೀಳಬೇಕು ಮಾವಾ?
ಚಹಾ ಮಾರುವ ಸಿತ್ತೆನೂರಳ ಬೆಂಚಿನ ಬಳಿ
ಮೂಲೆ ತೋರಿಸಿದೆ.
ಸಂಜೆಯೊಳಗೆ ಬೀದಿ ಎದ್ದು ನಿಂತಿತ್ತು,
ಎದೆಮಟ್ಟ, ಅಡ್ಡಡ್ಡ, ಜೀಪಿಗೆ ದಾರಿಯಿಲ್ಲದ ಹಾಗೆ.

ರಾತ್ರಿ ಅದರ ಹಿಂದೆ ಕೂತು ವಾದ.
ಒಂದೇ ಇಟ್ಟಿಗೆ: ಇಟ್ಟರೆ ಗೋಡೆ, ಎಸೆದರೆ ಗಾಯ.
ಹಲ್ಲಿನ ಡಾಕ್ಟರಾಗಲು ಓದುತ್ತಿದ್ದ ಮುಜ್ತಬಾ
ಅಂಗೈಯಲ್ಲಿ ತೂಗುತ್ತ, ಎಷ್ಟು ಭಾರ ಮಾವಾ, ಎಂದ.
ಮೂರೂವರೆ ಕಿಲೋ, ಎಂದೆ.
ಎಸೆಯಲಿಕ್ಕೆ ಹೆಚ್ಚು, ಹೊರಲಿಕ್ಕೆ ಕಡಿಮೆ.
ಅವನು ನಗಲಿಲ್ಲ. ನಾನೂ ನಗಿಸಲು ಹೇಳಿರಲಿಲ್ಲ.

ಯಾಕೆ ಎಸೆಯಲಿಲ್ಲ ಆ ರಾತ್ರಿ?
ಆಮೇಲೆ ಮೈಕು ಹಿಡಿದು ಬಂದವರಿಗೆ ದೊಡ್ಡ ಕಾರಣ ಬೇಕಿತ್ತು.
ನಾನು ಕಂಡದ್ದು ಇಷ್ಟೇ: ಲಾರಿಯ ಮೇಲೆ ಬಂದೂಕು ಹಿಡಿದವರಲ್ಲಿ ಒಬ್ಬ
ಸಿತ್ತೆನೂರಳ ಬಳಿ ಎರಡು ತಿಂಗಳ ಚಹಾದ ಬಾಕಿ ಇಟ್ಟವನು.
ಅವಳು ಗೋಡೆ ಹತ್ತಿ ಅವನ ಹೆಸರು ಕೂಗಿದಳು,
ಅವನ ತಾಯಿಯ ಹೆಸರು ಕೂಗಿದಳು,
ಬಾಕಿಯ ಲೆಕ್ಕ ಕೂಗಿದಳು.
ಅವನು ಬಂದೂಕಿನ ಮೂತಿ ಇಳಿಸಿ
ಜೇಬು ತಡಕಿದ.
ನಾವು ಶಾಂತಿಯವರು, ಶಾಂತಿಯವರು, ಎಂದರು ಹುಡುಗರು.
ನಾನು ಕೂಗಲಿಲ್ಲ. ಗಂಟಲಿಗೆ ಅಣ್ಣ ಅಡ್ಡ ಬಂದ.

ಕೂಕು, ನಮ್ಮ ಹಿರಿಯವನು. ಗುಡ್ಡದಲ್ಲೇ ಉಳಿದವನು.
ಜೋಳದ ತೆನೆ ಕಾಯುವ ಕವಣೆಗಾರ,
ಹಕ್ಕಿಗೆ ತಾಗದ ಹಾಗೆ ಕಲ್ಲು ಬೀಸುವ ಕೈ.
ಅವನ ಮೇಲೆ ಬಂದದ್ದು ಲಾರಿಯಲ್ಲ, ವಿಮಾನ.
ಅದನ್ನು ಯಾರ ಹೆಸರು ಹಿಡಿದು ಕೂಗುವುದು?
ಅಷ್ಟು ಎತ್ತರದಲ್ಲಿ ಯಾರ ತಾಯಿ, ಯಾವ ಬಾಕಿ?
ಬಾಗಿಲು ತೆರೆದು ಪೀಪಾಯಿ ಉರುಳಿಸಿ ಹೋಗುತ್ತಿತ್ತು;
ಬಂಡೆಯ ಸಂದಿಯಲ್ಲಿ ನಾವು ಉಸಿರು ಬಿಗಿಹಿಡಿದದ್ದೂ
ಅದಕ್ಕೆ ತಿಳಿಯುತ್ತಿರಲಿಲ್ಲ.
ಅಲ್ಲಿ ಕೈಕಟ್ಟಿ ಕೂತರೆ ನೋಡುವವರು ಯಾರು, ಮೇಕೆಗಳೇ?
ಮೂರನೆಯ ಪೀಪಾಯಿಯ ಮಾರನೆಯ ದಿನ
ಕವಣೆಯನ್ನು ಗೂಟಕ್ಕೆ ತೂಗುಹಾಕಿ
ಬಂದೂಕಿನವರ ಹಿಂದೆ ನಡೆದ.
ಕ್ರೂರಿ ಎನ್ನಲಾರೆ.
ಆಮೇಲೆ ಏನೇನು ಮಾಡಿದನೋ, ಅದನ್ನು ಕೇಳಲೂ ಆರೆ.

ಹಾಗಾದರೆ ಮುಖ ಕಂಡರೆ ಸಾಕು ಎಂದುಕೊಂಡೆ.
ಹತ್ತಿರ, ಬಹಳ ಹತ್ತಿರ ನಿಂತರೆ ಸಾಕು.
ಮೇಸ್ತ್ರಿಯ ಬುದ್ಧಿ: ಅಳತೆ ಸಿಕ್ಕಿತೆಂದು ಹಿಗ್ಗಿದೆ.

ಉಪವಾಸದ ತಿಂಗಳು ಮುಗಿಯುವ ಒಂದು ನಸುಕು,
ನದಿಯಾಚೆ, ಬೇರೆ ಊರಿಂದ ತಂದ ಪಡೆ.
ಮುಖಕ್ಕೆ ಮುಖ, ಮೊಳದಷ್ಟು ಅಂತರ.
ಮುಜ್ತಬಾ ಎರಡೂ ಕೈ ಮೇಲೆತ್ತಿದ್ದನಂತೆ,
ಇಟ್ಟಿಗೆಯಿಲ್ಲದ ಕೈ.
ಅವನ ಮೈ ತೊಳೆದ ನೀರು ಅಂಗಳ ದಾಟಿ ಬಂದು
ಬೀದಿಯಲ್ಲಿ ಉಳಿದಿದ್ದ ಇಟ್ಟಿಗೆಗಳ ಹಲ್ಲುಸಂದಿಯಲ್ಲಿ
ನನ್ನ ಕಣ್ಣೆದುರೇ ಇಂಗಿತು.

ಆ ರಾತ್ರಿಯೂ ಕೂತರು ಗೋಡೆಯ ಹಿಂದೆ.
ಅವನ ತಂಗಿ ಇಬ್ತಿಹಾಲ್ ಒಂದು ಇಟ್ಟಿಗೆಯನ್ನು
ಕೂಸಿನ ಹಾಗೆ ಮಡಿಲಲ್ಲಿಟ್ಟುಕೊಂಡಿದ್ದಳು.
ಎಸೆ ಎನ್ನಲಿಲ್ಲ ಯಾರೂ, ಇಡು ಎನ್ನಲಿಲ್ಲ.
ಬೆಳಕು ಹರಿಯುವ ಮುಂಚೆ ಎದ್ದು
ಗೋಡೆಯ ಮೇಲೆ ಇಟ್ಟಳು, ಸಾಲು ತಪ್ಪದ ಹಾಗೆ.
ಯಾಕೆ ಎಂದು ಕೇಳಿದೆ.
ಕೈ ಸೋತಿತು, ಎಂದಳು.
ಇಬ್ಬರು ಹುಡುಗರು ಮಾತ್ರ ಕತ್ತಲಲ್ಲಿ ಎತ್ತಲೋ ಹೋದರು.
ಆ ನಡಿಗೆ ನನಗೆ ಗುರುತಿತ್ತು.

ಈಗ ನಗರಸಭೆ ಮತ್ತೆ ಕರೆಸಿದೆ, ಬೀದಿ ಹಾಸಲು;
ಕೂಲಿ ಮೊದಲಿಗಿಂತ ಕಡಿಮೆ.
ಈ ಸಲ ಸಿಮೆಂಟು ಹಾಕು, ಎಂದ ಇಂಜಿನಿಯರು.
ಹಾಕಿದ್ದೇನೆ.
ಸಿತ್ತೆನೂರಳ ಬೆಂಚಿನೆದುರು ಒಂದನ್ನು ಮಾತ್ರ
ಬರೀ ಮರಳ ಮೇಲೆ ಕೂರಿಸಿದ್ದೇನೆ.
ಹೆಜ್ಜೆ ಬಿದ್ದಾಗಲೆಲ್ಲ ಕಟಕ್ ಎನ್ನುತ್ತದೆ,
ಬೂಟಿಗೂ, ಬರಿಗಾಲಿಗೂ.
ಅವಳು ಗ್ಲಾಸು ತೊಳೆಯುತ್ತ
ತಲೆಯೆತ್ತಿ ನೋಡುತ್ತಾಳೆ, ಯಾರೆಂದು.